ಕಂಡದ್ದು ಮತ್ತು ಒಳಹೊಕ್ಕದ್ದು

ಮಸ್ಕಿಯ ಬಂಡೆಯ ಕಥೆ ರಾಯಚೂರು ಜಿಲ್ಲೆಯ ಶಾಲೆಯ ಮಕ್ಕಳಿಗೂ ಗೊತ್ತು. 1915ರಲ್ಲಿ ಚಿನ್ನದ ಜಾಡು ಹಿಡಿದು ಬಂದ ಬೀಡನ್ ಎಂಬ ಎಂಜಿನಿಯರ್ ಅಲ್ಲಿ ಅಕ್ಷರಗಳನ್ನು ಕಂಡ. ಓದಿ ನೋಡಿದರೆ ಅದರಲ್ಲಿ ಅಶೋಕ ಎಂಬ ಹೆಸರೇ ಇತ್ತು. ನನಗೆ ಹೆಚ್ಚು ಕುತೂಹಲ ಅದಕ್ಕೂ ಹಿಂದಿನ 78 ವರ್ಷಗಳ ಬಗ್ಗೆ. 1837ರಲ್ಲಿ ಜೇಮ್ಸ್ ಪ್ರಿನ್ಸೆಪ್ ಬ್ರಾಹ್ಮಿ ಲಿಪಿಯನ್ನು ಬಿಡಿಸಿದಾಗ ಶಾಸನಗಳಲ್ಲಿ ಸಿಕ್ಕಿದ್ದು ‘ದೇವಾನಾಂಪಿಯ ಪಿಯದಸಿ’ ಎಂಬ ಬಿರುದು. ಈ ಪಿಯದಸಿ ಅಶೋಕನೇ ಎಂದು ಗೊತ್ತಾದದ್ದು ಸಿಂಹಳದ ಪಾಲಿ ಗ್ರಂಥಗಳ ಮೂಲಕ. ಅದು ಕನ್ನಡಿಯಲ್ಲಿ ಕಂಡ ಮುಖ. ಮುಖ ಸರಿಯಾಗಿಯೇ ಕಂಡಿತ್ತು, ಆದರೂ ಕನ್ನಡಿ ಕನ್ನಡಿಯೇ. ಮಸ್ಕಿಯ ಬಂಡೆ ಅದನ್ನು ನೇರವಾಗಿ ತೋರಿಸಿತು.

ನೇರ ನೋಟ ಮತ್ತು ಕನ್ನಡಿಯ ನೋಟದ ಈ ಪ್ರಶ್ನೆ ನನಗೆ ಮತ್ತೆ ಎದುರಾದದ್ದು ಸಿಂಧನೂರಿನಲ್ಲಿ, ಒಬ್ಬ ಅರಿವಳಿಕೆ ವೈದ್ಯರ ಮೇಜಿನ ಮುಂದೆ. ಅವರು ಗಂಟಲೊಳಗೆ ನೋಡುವ ಎರಡು ಲ್ಯಾರಿಂಗೋಸ್ಕೋಪುಗಳನ್ನು ಪಕ್ಕಪಕ್ಕ ಇಟ್ಟರು. ಒಂದು ಹಳೆಯದು: ಒಳಗೆ ಬ್ಯಾಟರಿ ಇರುವ ಹಿಡಿ, ಅದಕ್ಕೆ ಸಿಕ್ಕಿಸಿದ ಬಾಗಿದ ಉಕ್ಕಿನ ಬ್ಲೇಡು, ತುದಿಯ ಹತ್ತಿರ ಸಣ್ಣ ದೀಪ. ಎಡಗೈಯಲ್ಲಿ ಹಿಡಿದು ಪ್ಲಾಸ್ಟಿಕ್ ಗೊಂಬೆಯ ಬಾಯಿಗೆ ಇಳಿಸಿದರು. ನಾಲಿಗೆಯನ್ನು ಎಡಕ್ಕೆ ಸರಿಸಿ, ಅದರ ಬುಡದ ಕುಳಿಗೆ ಬ್ಲೇಡಿನ ತುದಿಯನ್ನು ಊರಿ, ಹಲ್ಲಿಗೆ ಒತ್ತದೆ ಮುಂದಕ್ಕೆ ಎತ್ತಿದರು. ಮುಚ್ಚಳದಂಥ ಎಪಿಗ್ಲಾಟಿಸ್ ಮೇಲೆದ್ದು ಅದರ ಹಿಂದೆ ಎರಡು ಬಿಳಿ ಪಟ್ಟಿಗಳು ಕಂಡವು, ಧ್ವನಿತಂತುಗಳು. ಉಸಿರಿನ ನಳಿಗೆ ಅವುಗಳ ನಡುವೆಯೇ ಹೋಗಬೇಕು. ಹಿಂದೆ ಅನ್ನನಾಳ ಕಾದಿರುತ್ತದೆ. ಅದಕ್ಕೆ ಇಳಿದರೆ ಗಾಳಿ ಹೊಟ್ಟೆಗೆ ಹೋಗುತ್ತದೆ. ಪ್ರಜ್ಞೆ ತಪ್ಪಿಸಿ, ಸ್ನಾಯುಗಳನ್ನು ಸಡಿಲಗೊಳಿಸಿದ ರೋಗಿಗೆ ತಾನಾಗಿ ಉಸಿರಾಡಲು ಆಗುವುದಿಲ್ಲ. ಕೈಯಲ್ಲಿರುವ ಹೊತ್ತು ನಿಮಿಷಗಳ ಲೆಕ್ಕದ್ದು.

ಇನ್ನೊಂದರ ಬ್ಲೇಡಿನ ತುದಿಯಲ್ಲಿ ಕ್ಯಾಮೆರಾ, ಹಿಡಿಯ ಮೇಲೆ ಪುಟ್ಟ ಪರದೆ.

“ಯಾವುದು ಮೇಲು ಡಾಕ್ಟ್ರೆ?” ಎಂದು ಕೇಳಿದೆ.

“ಇದರಾಗ ಚೆಂದ ಕಾಣತದ ಸರ,” ಎಂದು ಕ್ಯಾಮೆರಾದ್ದನ್ನು ಎತ್ತಿದರು. “ಆದ್ರ ಒಮ್ಮೊಮ್ಮೆ ಕಾಣತದ ಖರೇ, ಟ್ಯೂಬ್ ಹೋಗಂಗಿಲ್ಲ.”

ಈ ಮಾತನ್ನು ನೋಟ್‌ಬುಕ್ಕಿನ ಅಂಚಿನಲ್ಲಿ ಬರೆದುಕೊಂಡು ಮರೆತುಬಿಟ್ಟೆ.

ಮೊದಲು ಹಳೆಯ ದಾಖಲೆಗಳಿಗೆ ಕೈಹಾಕಿದೆ. ಗಂಟಲಿನ ಒಳಗನ್ನು ನೋಡುವ ವಿದ್ಯೆ ಹುಟ್ಟಿದ್ದೇ ಕನ್ನಡಿಯಿಂದ. 1854ರಲ್ಲಿ ಮ್ಯಾನುಯೆಲ್ ಗಾರ್ಸಿಯಾ ಎಂಬ ಸಂಗೀತದ ಮೇಷ್ಟ್ರು ದಂತವೈದ್ಯರ ಕನ್ನಡಿಯನ್ನು ತನ್ನ ಗಂಟಲಿಗೆ ಹಿಡಿದು, ಬಿಸಿಲನ್ನು ಇನ್ನೊಂದು ಕನ್ನಡಿಯಿಂದ ಒಳಗೆ ಬಿಟ್ಟು, ಹಾಡುವಾಗ ಧ್ವನಿತಂತು ಆಡುವುದನ್ನು ಕಂಡ. ಕನ್ನಡಿಯನ್ನು ಬಿಟ್ಟು ನೇರವಾಗಿ ನೋಡಿದವನು ಬರ್ಲಿನ್ನಿನ ಆಲ್ಫ್ರೆಡ್ ಕಿರ್‌ಸ್ಟೈನ್, 1895ರಲ್ಲಿ. ಇಂದಿಗೂ ಎಲ್ಲೆಡೆ ಬಳಕೆಯಲ್ಲಿರುವ ಬಾಗಿದ ಬ್ಲೇಡನ್ನು ಆಕ್ಸ್‌ಫರ್ಡಿನ ರಾಬರ್ಟ್ ಮ್ಯಾಕಿಂಟಾಷ್ ಪ್ರಕಟಿಸಿದ್ದು 1943ರಲ್ಲಿ. 2001ರ ಹೊತ್ತಿಗೆ ಕೆನಡಾದ ಶಸ್ತ್ರವೈದ್ಯ ಜಾನ್ ಪೇಸಿಯ ಕ್ಯಾಮೆರಾ ಇರುವ ಗ್ಲೈಡ್‌ಸ್ಕೋಪ್ ಬಂದಾಗ ನೋಟ ಮತ್ತೆ ಪರೋಕ್ಷವಾಯಿತು. ಮಸ್ಕಿಯಲ್ಲಿ ಕನ್ನಡಿಯಿಂದ ನೇರಕ್ಕೆ ಬಂದೆವು, ಗಂಟಲಲ್ಲಿ ನೇರದಿಂದ ಕನ್ನಡಿಗೆ ಮರಳಿದೆವು. ಈ ಮರಳುವಿಕೆಯಿಂದ ರೋಗಿಗೆ ಲಾಭವಾಯಿತೇ?

ಕೈಗೆ ಸಿಕ್ಕ ಮೊದಲ ದೊಡ್ಡ ಉತ್ತರ ‘ಇಲ್ಲ’ ಎಂದಿತು. 2017ರಲ್ಲಿ ‘ಜಾಮಾ’ ಪತ್ರಿಕೆಯಲ್ಲಿ ಬಂದ ಮ್ಯಾಕ್‌ಮ್ಯಾನ್ ಅಧ್ಯಯನ: ಫ್ರಾನ್ಸಿನ 7 ಐಸಿಯುಗಳು, 371 ರೋಗಿಗಳು. ಯಾರಿಗೆ ಯಾವ ಸಾಧನ ಎಂಬುದನ್ನು ಚೀಟಿ ಎತ್ತಿದಂತೆ ನಿರ್ಧರಿಸಿದ್ದರು. ಮೊದಲ ಯತ್ನದಲ್ಲೇ ನಳಿಗೆ ಕೂತದ್ದು ವಿಡಿಯೊದಲ್ಲಿ ಶೇ 67.7, ನೇರ ನೋಟದಲ್ಲಿ ಶೇ 70.3. ಗಂಭೀರ ತೊಡಕುಗಳು ವಿಡಿಯೊದಲ್ಲಿ ಶೇ 9.5, ನೇರ ನೋಟದಲ್ಲಿ ಶೇ 2.8. ಕೊನೆಯ ಜೋಡಿ ಅಂಕಿ ಹೆದರಿಸುವಂಥದ್ದು. ಆದರೆ ಅದು ಮೊದಲೇ ಗೊತ್ತುಮಾಡಿಕೊಂಡ ಪ್ರಶ್ನೆಗೆ ಬಂದ ಉತ್ತರವಲ್ಲ. ಲೆಕ್ಕ ಮುಗಿದ ಮೇಲೆ ತಿರುಗಿ ಎಣಿಸಿದಾಗ ಸಿಕ್ಕಿದ್ದು. ಹಾಗೆ ಸಿಕ್ಕಿದ್ದನ್ನು ಸುಳಿವು ಎನ್ನಬಹುದು, ತೀರ್ಪು ಎನ್ನಲಾಗದು.

ಆರು ವರ್ಷದ ನಂತರ ‘ನ್ಯೂ ಇಂಗ್ಲೆಂಡ್ ಜರ್ನಲ್ ಆಫ್ ಮೆಡಿಸಿನ್’ ತದ್ವಿರುದ್ಧ ಹೇಳಿತು. ಡಿವೈಸ್ ಎಂಬ ಅಧ್ಯಯನ: ಅಮೆರಿಕದ 17 ತುರ್ತು ವಿಭಾಗ ಮತ್ತು ಐಸಿಯುಗಳು, 1417 ರೋಗಿಗಳು. ಮೊದಲ ಯತ್ನದ ಯಶಸ್ಸು ವಿಡಿಯೊದಲ್ಲಿ ಶೇ 85.1, ನೇರ ನೋಟದಲ್ಲಿ ಶೇ 70.8. ವ್ಯತ್ಯಾಸ ಇಷ್ಟು ಸ್ಪಷ್ಟವಾಗಿದ್ದುದರಿಂದ ಉದ್ದೇಶಿಸಿದ್ದ 2000 ರೋಗಿಗಳನ್ನು ತಲುಪುವ ಮೊದಲೇ ನಿಲ್ಲಿಸಿದರು. ನೇರ ನೋಟದ ಅಂಕಿ ಎರಡು ದೇಶಗಳಲ್ಲೂ ಹೆಚ್ಚುಕಮ್ಮಿ ಒಂದೇ: 70.3, 70.8. ಅಂದರೆ ಒಗಟು ಇರುವುದು ವಿಡಿಯೊದ ಕಡೆ. ಒಂದೆಡೆ 67.7, ಇನ್ನೊಂದೆಡೆ 85.1.

ನನಗೆ ಹೊಳೆದ ಮೊದಲ ಕಾರಣ ಕೈಯ ಪಳಗು. ಫ್ರಾನ್ಸಿನಲ್ಲಿ ಹಳೆಯ ಹುಲಿಗಳು ನೇರ ನೋಟದಲ್ಲೇ ಗೆದ್ದಿರಬೇಕು, ಅಮೆರಿಕದಲ್ಲಿ ಕಲಿಯುವವರಿಗೆ ಕ್ಯಾಮೆರಾ ಆಸರೆಯಾಗಿರಬೇಕು. ಎರಡನೆಯ ಅರ್ಧ ಸರಿಯೇ: ಡಿವೈಸ್‌ನಲ್ಲಿ ಅನುಭವ ಕಡಿಮೆಯಿದ್ದ ಕೈಗಳಿಗೇ ಲಾಭ ಹೆಚ್ಚು. ಮೊದಲ ಅರ್ಧ ನಿಲ್ಲಲಿಲ್ಲ. ಮ್ಯಾಕ್‌ಮ್ಯಾನ್‌ನಲ್ಲೂ ಮೊದಲ ಯತ್ನ ಮಾಡಿದವರಲ್ಲಿ ಬಹುಪಾಲು ಪರಿಣತರಲ್ಲದವರೇ. ಆ ದಾರಿ ಅಲ್ಲಿಗೆ ಮುಗಿಯಿತು.

ಎರಡನೆಯದು ಸಾಧನದ ಬಗೆ. ಫ್ರಾನ್ಸಿನಲ್ಲಿ ಬಳಸಿದ್ದು ಒಂದೇ ಮಾದರಿಯ ಬ್ಲೇಡು, ಅದೇ ಕೆಟ್ಟದ್ದಿರಬಹುದೇ? 2022ರ ಕಾಕ್ರೇನ್ ಪರಾಮರ್ಶೆಯನ್ನು ತೆರೆದೆ. 222 ಅಧ್ಯಯನ, 26,149 ರೋಗಿಗಳು. ಮ್ಯಾಕಿಂಟಾಷ್ ಆಕಾರದ್ದು, ಹೆಚ್ಚು ಬಾಗಿದ್ದು, ನಳಿಗೆಗೆ ಕಾಲುವೆ ಇರುವುದು, ಈ ಮೂರು ಬಗೆಯ ವಿಡಿಯೊ ಸಾಧನಗಳೂ ನೇರ ನೋಟಕ್ಕಿಂತ ವಿಫಲತೆಯನ್ನು ತಗ್ಗಿಸುತ್ತವೆ ಎಂಬುದು ಅದರ ಒಟ್ಟು ತೂಕ. ಬ್ಲೇಡಿನ ಮೇಲೆ ಅಪವಾದ ಹೊರಿಸುವಂತಿರಲಿಲ್ಲ.

ಬೇಸತ್ತು ಮ್ಯಾಕ್‌ಮ್ಯಾನ್ ವರದಿಗೇ ಮರಳಿದೆ. ಈ ಸಲ ಗೆದ್ದವರನ್ನು ಬಿಟ್ಟು ಸೋತವರ ಲೆಕ್ಕ ಓದಿದೆ. ಮೊದಲ ಯತ್ನ ಏಕೆ ತಪ್ಪಿತು? ನೇರ ನೋಟದವರು ಸೋತದ್ದು ಹೆಚ್ಚಾಗಿ ಧ್ವನಿತಂತು ಕಾಣದೆ. ವಿಡಿಯೊದವರಿಗೆ ಕಂಡಿತ್ತು, ನೇರ ನೋಟದವರಿಗಿಂತ ಚೆನ್ನಾಗಿಯೇ ಕಂಡಿತ್ತು. ಆದರೆ ನಳಿಗೆ ಶ್ವಾಸನಾಳಕ್ಕೆ ಇಳಿಯಲಿಲ್ಲ. ನೋಟ್‌ಬುಕ್ಕಿನ ಅಂಚಿನ ಮಾತು ನೆನಪಾಯಿತು: ಕಾಣತದ ಖರೇ, ಟ್ಯೂಬ್ ಹೋಗಂಗಿಲ್ಲ.

ಕಾರಣ ಸರಳ ರೇಖಾಗಣಿತ. ನೇರ ನೋಟದಲ್ಲಿ ಕಣ್ಣಿನಿಂದ ಧ್ವನಿತಂತುವಿನವರೆಗೆ ಒಂದು ಗೆರೆ ತೆರೆಯಲೇಬೇಕು. ಕಣ್ಣು ಹೋದ ಗೆರೆಯಲ್ಲೇ ನಳಿಗೆ ಹೋಗುತ್ತದೆ. ಕ್ಯಾಮೆರಾಕ್ಕೆ ಆ ಗೆರೆ ಬೇಡ, ಅದು ಮೂಲೆ ತಿರುಗಿ ನೋಡುತ್ತದೆ. ಮೆತ್ತನೆಯ ನಳಿಗೆಗೆ ಮೂಲೆ ತಿರುಗಲು ಬರುವುದಿಲ್ಲ. ಅದಕ್ಕೆ ಒಳಗೊಂದು ಬಾಗುವ ಲೋಹದ ಕಡ್ಡಿ ಬೇಕು. ವೈದ್ಯರು ಅದನ್ನು ಸ್ಟೈಲೆಟ್ ಎನ್ನುತ್ತಾರೆ. ಡಿವೈಸ್‌ನಲ್ಲಿ ಬಹುಪಾಲು ರೋಗಿಗಳಿಗೆ ಈ ಕಡ್ಡಿಯನ್ನೋ, ಬೂಜಿ ಎಂಬ ಉದ್ದನೆಯ ದಾರಿತೋರುಕವನ್ನೋ ಬಳಸಿದ್ದರು.

ಕಡ್ಡಿಯ ಬೆಲೆಯನ್ನು ಅಳೆದವರೂ ಫ್ರಾನ್ಸಿನವರೇ. 2021ರ ಸ್ಟೈಲೆಟೊ ಅಧ್ಯಯನ: 32 ಐಸಿಯು, 999 ರೋಗಿಗಳು. ಕಡ್ಡಿ ಇದ್ದಾಗ ಮೊದಲ ಯತ್ನದ ಯಶಸ್ಸು ಶೇ 78.5, ಇಲ್ಲದಾಗ ಶೇ 71.5. ಇಲ್ಲಿ ನನ್ನನ್ನೇ ತಡೆದುಕೊಳ್ಳಬೇಕು. ಕಡ್ಡಿಯೊಂದೇ ಒಗಟನ್ನು ಬಿಡಿಸಿತು ಎಂದು ಹೇಳಲಾರೆ. ಮೂರು ಅಧ್ಯಯನಗಳನ್ನು ಪಕ್ಕಪಕ್ಕ ಇಟ್ಟು ನಾನು ಹೊಲಿದ ತರ್ಕ ಇದು, ಪಾಲಿ ಗ್ರಂಥ ಹಿಡಿದು ಪಿಯದಸಿಯನ್ನು ಗುರುತಿಸಿದ ಹಾಗೆ. ಹೊಲಿಗೆ ಗಟ್ಟಿಯಾಗಿದೆ ಎನ್ನಬಲ್ಲೆ, ಅಷ್ಟೇ.

ಇನ್ನೂ ಎರಡು ಅನುಮಾನಗಳನ್ನು ತೂಗಬೇಕು. ಯಾವ ಸಾಧನ ಕೈಯಲ್ಲಿದೆ ಎಂಬುದನ್ನು ವೈದ್ಯರಿಂದ ಮುಚ್ಚಿಡಲು ಸಾಧ್ಯವಿಲ್ಲ, ಆದ್ದರಿಂದ ಒಲವು ನುಸುಳಬಹುದು. ಇನ್ನೊಂದು ದೊಡ್ಡದು: ಮೊದಲ ಯತ್ನದ ಯಶಸ್ಸು ಬೇರೆ, ಜೀವ ಉಳಿಯುವುದು ಬೇರೆ. ಡಿವೈಸ್‌ನಲ್ಲಿ ಗಂಭೀರ ತೊಡಕುಗಳು ವಿಡಿಯೊದಲ್ಲಿ ಶೇ 21.4, ನೇರ ನೋಟದಲ್ಲಿ ಶೇ 20.9, ಎರಡೂ ಸಮವೇ. ನಳಿಗೆ ಬೇಗ ಕೂತರೂ ರಕ್ತದೊತ್ತಡ ಕುಸಿಯುವುದನ್ನು ಕ್ಯಾಮೆರಾ ತಡೆಯುವುದಿಲ್ಲ.

ಒಂದು ಸಂದರ್ಭದಲ್ಲಿ ಕಂಡದ್ದನ್ನು ಎಲ್ಲಕ್ಕೂ ಎಳೆಯುವ ಅಪಾಯ ಈ ಸೀಮೆಯ ಚರಿತ್ರೆಯಲ್ಲೇ ಇದೆ. 1889ರಲ್ಲಿ ಲಿಂಗಸುಗೂರು ನಿಜಾಮರ ರಾಜ್ಯದ ಒಂದು ಜಿಲ್ಲಾ ಕೇಂದ್ರ. ಅದೇ ವರ್ಷ ರಾಜಧಾನಿಯಲ್ಲಿ ಎರಡನೆಯ ಹೈದರಾಬಾದ್ ಕ್ಲೋರೊಫಾರಂ ಆಯೋಗ ಕೂತಿತು. ‘ಲ್ಯಾನ್ಸೆಟ್’ ಪತ್ರಿಕೆಯ ಪ್ರತಿನಿಧಿ ಬರಲೆಂದು ನಿಜಾಮರ ಸರ್ಕಾರ 1000 ಪೌಂಡ್ ಕೊಟ್ಟಿತು. ಲಂಡನ್ನಿನಿಂದ ಲಾಡರ್ ಬ್ರಂಟನ್ ಬಂದರು. ಆಯೋಗದ ಮುಂದಾಳು ಎಡ್ವರ್ಡ್ ಲಾರಿ ನಂಬಿದ್ದು, ಕ್ಲೋರೊಫಾರಂ ಕೊಟ್ಟಾಗ ಮೊದಲು ನಿಲ್ಲುವುದು ಉಸಿರು, ಆದ್ದರಿಂದ ನಾಡಿ ನೋಡುವ ಅಗತ್ಯವಿಲ್ಲ ಎಂದು. ನೂರಾರು ಪ್ರಾಣಿಗಳ ಮೇಲಿನ ಪ್ರಯೋಗ ಅದನ್ನೇ ಹೇಳಿತು. 1911ರಲ್ಲಿ ಗುಡ್‌ಮನ್ ಲೆವಿ ಬೆಕ್ಕುಗಳಲ್ಲಿ ಬೇರೆಯದನ್ನು ತೋರಿಸಿದರು: ಅರಿವಳಿಕೆ ಹಗುರವಾಗಿದ್ದಾಗಲೇ ಹೃದಯ ಹಠಾತ್ತನೆ ಲಯ ತಪ್ಪಿ ನಿಲ್ಲಬಹುದು. ಹೈದರಾಬಾದಿನವರು ಕಂಡದ್ದು ಸುಳ್ಳಲ್ಲ, ಅತಿಯಾಗಿ ಕೊಟ್ಟಾಗ ಉಸಿರೇ ಮೊದಲು ನಿಲ್ಲುತ್ತದೆ. ತಾವು ನೋಡದ ಸಂದರ್ಭಕ್ಕೂ ಅದನ್ನು ಹಚ್ಚಿದ್ದು ತಪ್ಪಾಯಿತು.

ಆದ್ದರಿಂದ ಫ್ರಾನ್ಸಿನ ಅಂಕಿಯನ್ನಾಗಲಿ ಅಮೆರಿಕದ್ದನ್ನಾಗಲಿ ಸಿಂಧನೂರು–ಮಸ್ಕಿ–ಲಿಂಗಸುಗೂರು ಹೆದ್ದಾರಿಗೆ ಹಾಗೇ ತಂದು ನೆಡಲಾಗದು. ಇದು ಕಾಲುವೆ ನೀರಿನ ಭತ್ತದ ನಾಡು, ಕೀಟನಾಶಕ ಮನೆಮನೆಯಲ್ಲಿರುವ ನಾಡು. ಆರ್ಗನೊಫಾಸ್ಫೇಟ್ ವಿಷ ಕುಡಿದವರಿಗೆ ಬಾಯಿ ತುಂಬ ಜೊಲ್ಲು ಉಕ್ಕುತ್ತದೆ, ಉಸಿರಾಟದ ಸ್ನಾಯುಗಳು ಸೋಲುತ್ತವೆ. ನಳಿಗೆ ಹಾಕಲೇಬೇಕಾದ ಸ್ಥಿತಿ ಬರುತ್ತದೆ. ಜೊಲ್ಲು, ವಾಂತಿ, ರಕ್ತ ಮೆತ್ತಿಕೊಂಡರೆ ಮೊದಲು ಕುರುಡಾಗುವುದು ಕ್ಯಾಮೆರಾದ ಗಾಜು. ಅಂಥ ಗಳಿಗೆಯಲ್ಲಿ ನೇರ ನೋಟದ ಹಳೆಯ ಕೈಚಳಕ ಉಳಿದಿರಬೇಕು.

ನನ್ನ ತೀರ್ಮಾನ ಹೀಗಿದೆ. ದಿನಕ್ಕೆ ಹತ್ತು ನಳಿಗೆ ಹಾಕುವ ಕೈ ಇಲ್ಲದ ಆಸ್ಪತ್ರೆಗೆ ವಿಡಿಯೊ ಸಾಧನ ಬೇಕು, ಅದರ ಜೊತೆ ಕಡ್ಡಿಯೂ ಕಡ್ಡಿ ಬಳಸುವ ಅಭ್ಯಾಸವೂ ಬೇಕು. ಆದರೆ ಹಣ ಒಂದೇ ವಸ್ತುವಿಗೆ ಸಾಕಾಗುವಂತಿದ್ದರೆ ಕೊಳ್ಳಬೇಕಾದದ್ದು ಈ ಎರಡರಲ್ಲಿ ಯಾವುದೂ ಅಲ್ಲ. ನಳಿಗೆ ಸರಿಯಾದ ಕಡೆ ಹೋಯಿತೇ ಎಂಬುದಕ್ಕೆ ಕಣ್ಣಿನ ಸಾಕ್ಷಿ, ನೇರವಾಗಲಿ ಪರದೆಯ ಮೇಲಾಗಲಿ, ಕೊನೆಯ ಮಾತಲ್ಲ. ಹೊರಬರುವ ಉಸಿರಿನಲ್ಲಿ ಇಂಗಾಲದ ಡೈಆಕ್ಸೈಡ್ ಇದೆಯೇ ಎಂದು ಅಳೆಯುವ ಕ್ಯಾಪ್ನೋಗ್ರಾಫ್‌ನದು ಕೊನೆಯ ಮಾತು. ಅದರ ಪರದೆಯಲ್ಲಿ ಉಸಿರು ಉಸಿರಿಗೂ ಅಲೆ ಎದ್ದರೆ ನಳಿಗೆ ಶ್ವಾಸನಾಳದಲ್ಲಿದೆ. ಗೆರೆ ಮಲಗಿಯೇ ಇದ್ದರೆ, ನಳಿಗೆ ಒಳಹೋದದ್ದನ್ನು ಕಣ್ಣಾರೆ ಕಂಡೆ ಎನ್ನುವವರೂ ಅದು ಅನ್ನನಾಳದಲ್ಲಿದೆ ಎಂದೇ ಭಾವಿಸಿ ಕೈ ಚುರುಕು ಮಾಡಬೇಕು.