ದಿವಾನ್ ಶೇಷಾದ್ರಿ ಅಯ್ಯರ್: ಕೋಲಾರಕ್ಕೆ ಬಂದ ವಿದ್ಯುತ್ತು, ಬಾರದ ನೀರು

ಕೆ. ಶೇಷಾದ್ರಿ ಅಯ್ಯರ್ 1883ರಿಂದ 1901ರವರೆಗೆ ಮೈಸೂರು ಸಂಸ್ಥಾನದ ದಿವಾನರಾಗಿದ್ದರು. ಅವರ ಕಾಲದ ಎರಡು ನಿರ್ಧಾರಗಳು ಕೋಲಾರ ಸೀಮೆಗೆ ಮುಖ್ಯವಾದವು.

ಮೊದಲನೆಯದು, 1892ರಲ್ಲಿ ಮದರಾಸು ಸರ್ಕಾರದೊಡನೆ ಆದ ನೀರಿನ ಒಪ್ಪಂದ. ಅದರ ಪಟ್ಟಿಯಲ್ಲಿ ಕಾವೇರಿಯಷ್ಟೇ ಅಲ್ಲ, ಕೋಲಾರದ ಪಾಲಾರ್, ಮಾಲೂರಿನ ದಕ್ಷಿಣ ಪಿನಾಕಿನಿಗಳೂ ಇದ್ದವು. ಮದರಾಸಿನ ಒಪ್ಪಿಗೆಯಿಲ್ಲದೆ ಈ ನದಿಗಳಿಗೆ ಹೊಸ ನೀರಾವರಿ ಜಲಾಶಯ ಕಟ್ಟುವಂತಿರಲಿಲ್ಲ.

ಎರಡನೆಯದು, ಶಿವನಸಮುದ್ರದ ಜಲವಿದ್ಯುತ್ ಯೋಜನೆ. ಟರ್ಬೈನ್ ತಿರುಗಿಸಿದ ನೀರು ಮತ್ತೆ ನದಿಗೇ ಸೇರುತ್ತದೆ. ಕೆಳಗಿನವರ ಪಾಲು ಕುಗ್ಗುವುದಿಲ್ಲ. 1902ರಲ್ಲಿ ಸುಮಾರು 147 ಕಿ.ಮೀ. ದೂರದ ಕೋಲಾರ ಚಿನ್ನದ ಗಣಿಗಳಿಗೆ ವಿದ್ಯುತ್ ಹರಿಯಿತು. ಅದನ್ನು ಕಾಣಲು ಅಯ್ಯರ್ ಇರಲಿಲ್ಲ; 1901ರ ಸೆಪ್ಟೆಂಬರಿನಲ್ಲೇ ನಿಧನರಾಗಿದ್ದರು.

ಗಣಿಗಳು 2001ರಲ್ಲಿ ಮುಚ್ಚಿದವು. ಕೆರೆಗಳನ್ನೇ ನಂಬಿದ ಮುಳಬಾಗಿಲು, ಶ್ರೀನಿವಾಸಪುರಗಳಿಗೆ ನೀರಿನ ಪ್ರಶ್ನೆ ಇನ್ನೂ ಉಳಿದಿದೆ.