ಕೂಡದ ಮೂಳೆಗೆ ಸಿಕ್ಕ ಅಕ್ಷರ

ಮುರಿದ ಮುಂಗೈ ಮೂಳೆ ಕೂಡಿಕೊಳ್ಳದೆ ಉಳಿದರೆ ಅದರಿಂದ ಮನುಷ್ಯ ಸಾಯುವುದು ಅಪರೂಪ. ರೋಗಗಳ ಅಂತರರಾಷ್ಟ್ರೀಯ ಪಟ್ಟಿಯಲ್ಲಿ ಈ ಸಂಕಟಕ್ಕೆ ಬಹುಕಾಲ ತಕ್ಕ ಜಾಗ ದೊರೆಯದಿದ್ದುದಕ್ಕೆ ಇದೂ ಒಂದು ಕಾರಣವೆಂದು ನಾವು ಭಾವಿಸುತ್ತೇವೆ. ಆ ಪಟ್ಟಿ ಹುಟ್ಟಿದ್ದೇ ಸತ್ತವರನ್ನು ಎಣಿಸುವುದಕ್ಕಾಗಿ.

1662ರಲ್ಲಿ ಜಾನ್ ಗ್ರಾಂಟ್ ಲಂಡನ್ನಿನ ಮರಣಪಟ್ಟಿಗಳನ್ನು ಅಭ್ಯಸಿಸಿ, ಸಾವಿನ ಲೆಕ್ಕದಿಂದ ಒಂದು ನಗರದ ಬದುಕನ್ನು ಅರಿಯಬಹುದೆಂದು ತೋರಿಸಿದ. 1893ರಲ್ಲಿ ಪ್ಯಾರಿಸ್ ನಗರದ ಅಂಕಿಅಂಶ ವಿಭಾಗದ ಮುಖ್ಯಸ್ಥ ಜಾಕ್ ಬರ್ಟಿಲಾನ್ ಸಿದ್ಧಪಡಿಸಿದ ಸಾವಿನ ಕಾರಣಗಳ ಪಟ್ಟಿ ಷಿಕಾಗೋ ಸಭೆಯಲ್ಲಿ ಅಂಗೀಕಾರ ಪಡೆಯಿತು. ಬದುಕಿರುವವರ ಕಾಯಿಲೆಗಳೂ ಗಾಯಗಳೂ ಅದರಲ್ಲಿ ಸಮಗ್ರವಾಗಿ ಸೇರಿದ್ದು 1948ರ ಆರನೆಯ ಪರಿಷ್ಕರಣದಲ್ಲಿ, ವಿಶ್ವ ಆರೋಗ್ಯ ಸಂಸ್ಥೆಯ ಕಾಲದಲ್ಲಿ.

ಮುರಿತಗಳನ್ನು ವಿಂಗಡಿಸುವ ಕೆಲಸವೇನೋ ಬಹಳ ಹಳೆಯದು. ಸುಶ್ರುತಸಂಹಿತೆ ಕೀಲು ತಪ್ಪುವುದನ್ನು ಆರು ಬಗೆಯಾಗಿ, ಮೂಳೆ ಮುರಿಯುವುದನ್ನು ಹನ್ನೆರಡು ಬಗೆಯಾಗಿ ಹೇಳಿತು. ಮುಂಗೈಯ ಎರಡು ವಿಶಿಷ್ಟ ಮುರಿತಗಳು ಇಟಲಿಯ ಶಸ್ತ್ರವೈದ್ಯರ ಹೆಸರನ್ನು ಹೊತ್ತಿವೆ: 1814ರಲ್ಲಿ ಮೊಂಟೆಜಿಯಾ, 1934ರಲ್ಲಿ ಗಲಿಯಾಟ್ಜಿ ಅವುಗಳನ್ನು ವಿವರಿಸಿದರು. ಈ ಹೆಸರುಗಳು ಮೂಳೆ ಹೇಗೆ ಮುರಿಯಿತೆಂದು ಹೇಳುತ್ತವೆ. ಅದು ಆಮೇಲೆ ಕೂಡಿತೇ ಎಂಬುದನ್ನು ಹೇಳುವುದಿಲ್ಲ.

ಮುಂಗೈಯಲ್ಲಿ ಆ ಪ್ರಶ್ನೆಗೆ ಹೆಚ್ಚಿನ ತೂಕವಿದೆ. ಅಲ್ಲಿ ರೇಡಿಯಸ್, ಅಲ್ನಾ ಎಂಬ ಎರಡು ಮೂಳೆಗಳು. ಒಂದರ ಸುತ್ತ ಇನ್ನೊಂದು ತಿರುಗುವುದರಿಂದಲೇ ಅಂಗೈ ಮೇಲಾಗುತ್ತದೆ, ಕೆಳಗಾಗುತ್ತದೆ. ತುತ್ತು ಬಾಯಿಗೆ ಬರುತ್ತದೆ. ಒಂದು ಮೂಳೆ ಕೂಡದಿದ್ದರೂ ಈ ಚಲನೆ ಕೆಡುತ್ತದೆ.

ಅಮೆರಿಕದಲ್ಲಿ ಒಂಬತ್ತನೆಯ ಆವೃತ್ತಿ ಬಳಕೆಯಲ್ಲಿದ್ದಾಗ ಕೂಡದ ಮುರಿತಕ್ಕೆಲ್ಲ ಒಂದೇ ಸಂಕೇತ: 733.82. ತೊಡೆಯೋ ಮುಂಗೈಯೋ, ಬಲವೋ ಎಡವೋ, ಆ ಅಂಕಿ ಹೇಳುತ್ತಿರಲಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ಹತ್ತನೆಯ ಆವೃತ್ತಿಯಲ್ಲಿ ಇದು ಎಂ84.1 ಆಯಿತು, ದೇಹದ ಭಾಗವನ್ನು ಸೂಚಿಸಲು ಮುಂದೆ ಇನ್ನೊಂದು ಅಂಕಿ ಸೇರಿಸಬಹುದಿತ್ತು.

2015ರ ಅಕ್ಟೋಬರ್ 1ರಂದು ಅಮೆರಿಕ ತನ್ನದೇ ವಿಸ್ತೃತ ಹತ್ತನೆಯ ಆವೃತ್ತಿಯನ್ನು ಜಾರಿಗೆ ತಂದಾಗ ನಿಜವಾದ ಬದಲಾವಣೆಯಾಯಿತು. ಕೂಡದಿರುವುದು ಅಲ್ಲಿ ಬೇರೆ ರೋಗವಾಗಿ ನಿಲ್ಲದೆ, ಮೂಲ ಮುರಿತದ ಸಂಕೇತಕ್ಕೇ ಏಳನೆಯ ಅಕ್ಷರವಾಗಿ ಅಂಟಿಕೊಂಡಿತು. ಮುಂಗೈಯ ಎಸ್52 ವರ್ಗದಲ್ಲಿ, ಚರ್ಮ ಹರಿಯದ ಮುರಿತ ನಿಧಾನವಾಗಿ ಗುಣವಾಗುತ್ತಿದ್ದರೆ ಜಿ, ಕೂಡದಿದ್ದರೆ ಕೆ, ಸೊಟ್ಟಗೆ ಕೂಡಿದರೆ ಪಿ. ಗಾಯ ತೆರೆದದ್ದಾಗಿದ್ದು ಮೂಳೆ ಕೂಡದಿದ್ದರೆ ಅದರ ತೀವ್ರತೆಗೆ ತಕ್ಕಂತೆ ಎಂ ಅಥವಾ ಎನ್. ಈ ತೀವ್ರತೆಯ ಅಳತೆ 1976ರಲ್ಲಿ ಗಸ್ಟಿಲೊ ಮತ್ತು ಆ್ಯಂಡರ್ಸನ್ ರೂಪಿಸಿದ್ದು. ಸುತ್ತಲಿನ ಮಾಂಸ ಹರಿದು, ರಕ್ತ ಪೂರೈಕೆ ಕುಗ್ಗಿ, ಸೋಂಕು ತಗುಲಿದಲ್ಲಿ ಮೂಳೆ ಕೂಡುವುದು ಕಷ್ಟ. ಆದ್ದರಿಂದ ಮೊದಲ ಗಾಯದ ನೆನಪು ಕೊನೆಯ ಅಕ್ಷರದಲ್ಲಿ ಉಳಿಯಬೇಕು.

ಮೊಣಕೈಯ ಸ್ಥಿತಿ ಮಾತ್ರ ವಿಚಿತ್ರ. ಕೀಲು ಒಂದೇ, ಪಟ್ಟಿಯಲ್ಲಿ ಮನೆ ಎರಡು. ಅಲ್ನಾದ ಮೇಲ್ತುದಿ ಮುರಿದರೆ ಎಸ್52. ತೋಳುಮೂಳೆಯ ಕೆಳತುದಿ ಮುರಿದರೆ ಎಸ್42. ಎರಡನೆಯ ಮನೆಯಲ್ಲಿ ಕೂಡದ ಮೂಳೆಗೆ ಕೆ ಒಂದೇ ಅಕ್ಷರ. ಗಾಯ ತೆರೆದಿತ್ತೇ ಎಂಬುದು ಅಲ್ಲಿ ಅಳಿಸಿಹೋಗುತ್ತದೆ.

ಅಮೆರಿಕದ ಆಸ್ಪತ್ರೆಗಳ ದಾಖಲೆಗಳಿಗೆ ಈ ಅಕ್ಷರಗಳನ್ನು ಹಚ್ಚುವ ಕೆಲಸ ಇಂದು ಚೆನ್ನೈ, ಹೈದರಾಬಾದುಗಳ ಕಚೇರಿಗಳಲ್ಲಿಯೂ ನಡೆಯುತ್ತದೆ. ಅಲ್ಲಿ ಕುಳಿತವರು ತಾವಾಗಿ ಏನನ್ನೂ ಊಹಿಸುವಂತಿಲ್ಲ. ಎಷ್ಟೇ ತಿಂಗಳು ಕಳೆದಿರಲಿ, ಮೂಳೆ ಕೂಡಿಲ್ಲವೆಂದು ವೈದ್ಯರು ಬರೆಯದಿದ್ದರೆ ಕೆ ಹಚ್ಚಲಾಗದು. ಗಾಯ ತೆರೆದದ್ದೋ ಮುಚ್ಚಿದ್ದೋ ಎಂದು ನಮೂದಿಸದಿದ್ದರೆ ಮುಚ್ಚಿದ್ದೆಂದೇ ಎಣಿಸಬೇಕೆಂಬುದು ನಿಯಮ. ಹೀಗೆ ವೈದ್ಯರ ಮೌನವೂ ಅಂಕಿಯಾಗುತ್ತದೆ, ಅಂಕಿ ಮುಂದೆ ಸತ್ಯವೆನಿಸಿಕೊಳ್ಳುತ್ತದೆ.

ಸತ್ತವರಿಂದ ಆರಂಭವಾದ ಎಣಿಕೆ ಕೂಡದ ಮೂಳೆಯವರೆಗೆ ಬಂದದ್ದು ಸಣ್ಣ ಸಾಧನೆಯಲ್ಲ. ಆದರೆ ಪಟ್ಟಿ ಎಷ್ಟೇ ಸೂಕ್ಷ್ಮವಾದರೂ ರೋಗಿಯ ಹಾಸಿಗೆಯ ಬಳಿ ಬರೆದದ್ದಷ್ಟನ್ನೇ ಅದು ಬಲ್ಲದು. ಆ ಬರಹದ ಹೊಣೆಯನ್ನು ಯಾವ ಅಕ್ಷರವೂ ಹೊರಲಾರದೆಂದು ನಮಗನಿಸುತ್ತದೆ.