ಎರಡು ಸಾವಿರ ಬಾರಿ ಸತ್ತವಳು

1915ರ ಮೇ ತಿಂಗಳ ಕೊನೆ. ಲಂಡನ್ ನಗರದ ಮೇಲೆ ಜರ್ಮನರ ಜೆಪ್ಪೆಲಿನ್ ವಾಯುನೌಕೆಗಳು ಮೊಟ್ಟಮೊದಲ ಸಲ ಬಾಂಬು ಸುರಿಸಿದ ದಿನಗಳು. ಅದೇ ದಿನಗಳಲ್ಲಿ ಕಿಂಗ್ಸ್‌ವೇ ಬೀದಿಯ ಲಂಡನ್ ಒಪೆರಾ ಹೌಸ್‌ನಲ್ಲಿ ಮೂವತ್ತೊಂದರ ಹರೆಯದ, ಕುಳ್ಳು ಮೈಕಟ್ಟಿನ ಹೆಣ್ಣುಮಗಳೊಬ್ಬಳು ಕಿಮೊನೊ ಉಟ್ಟು ರಂಗದ ಮೇಲೆ ಬಂದಳು. ಹೆಸರು ತಮಾಕಿ ಮಿಯುರಾ, ಊರು ಟೋಕಿಯೋ. ರಷ್ಯಾದ ಗಾಯಕ ವ್ಲಾದಿಮಿರ್ ರೋಸಿಂಗ್ ಯುದ್ಧದ ನಡುವೆಯೇ ಧೈರ್ಯ ಮಾಡಿ ಏರ್ಪಡಿಸಿದ್ದ ಒಪೆರಾ ಸರಣಿ ಅದು. ಅಂದಿನ ಆಟ ಪುಚ್ಚೀನಿಯ 'ಮದಾಮಾ ಬಟರ್‌ಫ್ಲೈ'. ಹನ್ನೊಂದು ವರ್ಷಗಳಿಂದ ಇಟಲಿ, ಇಂಗ್ಲೆಂಡ್, ಅಮೆರಿಕದ ಗಾಯಕಿಯರು ಬಣ್ಣ ಹಚ್ಚಿಕೊಂಡು ಹಾಡುತ್ತಿದ್ದ ಜಪಾನೀ ಹುಡುಗಿಯ ಪಾತ್ರವನ್ನು ಲಂಡನ್ನಿನ ದೊಡ್ಡ ರಂಗಮಂದಿರದಲ್ಲಿ ಜಪಾನೀ ಹೆಣ್ಣೇ ಹಾಡಿದಳು.

ಆಮೇಲಿನ ಇಪ್ಪತ್ತು ವರ್ಷ ಆಕೆ ಆ ಪಾತ್ರವನ್ನು ಬಿಡಲಿಲ್ಲ. ಪಾತ್ರವೂ ಆಕೆಯನ್ನು ಬಿಡಲಿಲ್ಲ ಎಂದರೆ ಇನ್ನೂ ಸರಿ. ಅದು ಆಕೆಗೆ ಸಿಕ್ಕ ವರವೋ ಸೆರೆಯೋ?

ಮೊದಲು ಕತೆ. ನಾಗಾಸಾಕಿಯ ಬಂದರಿಗೆ ಬಂದ ಅಮೆರಿಕದ ನೌಕಾಧಿಕಾರಿ ಪಿಂಕರ್ಟನ್ ಗುಡ್ಡದ ಮೇಲೊಂದು ಮನೆ ಹಿಡಿಯುತ್ತಾನೆ, ಜೊತೆಗೆ ಹದಿನೈದು ವರ್ಷದ ಹೆಂಡತಿಯನ್ನೂ. ಮನೆಯ ಕರಾರು 999 ವರ್ಷಕ್ಕೆ, ಆದರೆ ಬೇಡವಾದ ತಿಂಗಳು ರದ್ದು ಮಾಡಬಹುದು. ಮದುವೆಯೂ ಅಂಥದೇ. ಹುಡುಗಿಯ ಹೆಸರು ಚೋ-ಚೋ-ಸಾನ್. ಜಪಾನಿ ಭಾಷೆಯಲ್ಲಿ 'ಚೋ' ಎಂದರೆ ಚಿಟ್ಟೆ. ಅವಳು ಮಾತ್ರ ಈ ಮದುವೆಯನ್ನು ನಿಜವೆಂದು ನಂಬಿ ತನ್ನ ಧರ್ಮ ಬಿಡುತ್ತಾಳೆ, ನಂಟರನ್ನು ಕಳೆದುಕೊಳ್ಳುತ್ತಾಳೆ. ಹೊರಟುಹೋದ ಗಂಡನಿಗಾಗಿ ಮೂರು ವರ್ಷ ಕಾಯುತ್ತಾಳೆ. ಅವನು ಅಮೆರಿಕನ್ ಹೆಂಡತಿಯೊಡನೆ ಮರಳಿ, ಚೋ-ಚೋ-ಸಾನ್ ಹೆತ್ತ ಮಗುವನ್ನು ಕೇಳುತ್ತಾನೆ. ಅವಳು ಮಗುವನ್ನು ಒಪ್ಪಿಸಿ, ಅಪ್ಪನ ಕತ್ತಿಯಿಂದ ಪ್ರಾಣ ಬಿಡುತ್ತಾಳೆ.

ಈ ಕತೆ ಹುಟ್ಟಿದ್ದು ಜಪಾನಿನಲ್ಲಲ್ಲ. ಫ್ರಾನ್ಸಿನ ಪಿಯರ್ ಲೋತಿ 1887ರಲ್ಲಿ ಬರೆದ ಕಾದಂಬರಿಯ ಬೆನ್ನಿಗೆ ಅಮೆರಿಕದ ಜಾನ್ ಲೂಥರ್ ಲಾಂಗ್ 1898ರಲ್ಲಿ ಒಂದು ಕತೆ ಬರೆದ. ಅದನ್ನು ಡೇವಿಡ್ ಬೆಲಾಸ್ಕೊ 1900ರಲ್ಲಿ ನಾಟಕ ಮಾಡಿದ. ಲಂಡನ್ನಿನಲ್ಲಿ ಆ ನಾಟಕ ನೋಡಿದ ಪುಚ್ಚೀನಿ ಅದನ್ನು ಒಪೆರಾ ಮಾಡಿದ. 1904ರ ಫೆಬ್ರವರಿ 17ರಂದು ಮಿಲಾನಿನ ಲಾ ಸ್ಕಾಲಾದಲ್ಲಿ ಮೊದಲ ಪ್ರದರ್ಶನ ನೆಲಕಚ್ಚಿತು. ತಿದ್ದಿ, ಮೇ ತಿಂಗಳಲ್ಲಿ ಬ್ರೆಶಾದಲ್ಲಿ ಆಡಿದಾಗ ಗೆದ್ದಿತು. ಪುಚ್ಚೀನಿ ಜಪಾನಿಗೆ ಹೋದವನಲ್ಲ. ಆದರೆ ಇಟಲಿಯಲ್ಲಿದ್ದ ಜಪಾನೀ ರಾಯಭಾರಿಯ ಹೆಂಡತಿಯಿಂದ ಅಲ್ಲಿನ ಹಾಡುಗಳನ್ನು ಕೇಳಿ ತಿಳಿದುಕೊಂಡಿದ್ದ. ಮದುವೆಯ ದೃಶ್ಯದಲ್ಲಿ ಜಪಾನಿನ ರಾಷ್ಟ್ರಗೀತೆಯ ಧಾಟಿ ಬರುತ್ತದೆ. ದಾಸಿ ಸುಜುಕಿಯ ಪ್ರಾರ್ಥನೆಯಲ್ಲಿ ಸರುತಾಹಿಕೊ ಎಂಬ ದೇವರ ಹೆಸರು ಗುರುತು ಸಿಗದಷ್ಟು ಅಪಭ್ರಂಶವಾಗಿದೆ. ಅಂದರೆ ತಮಾಕಿ ಕಾಲಿಟ್ಟದ್ದು ತನ್ನ ನಾಡಿನ ಹೆಸರು ಹೊತ್ತ, ತನ್ನದಲ್ಲದ ಒಂದು ಜಪಾನಿಗೆ.

ಅಲ್ಲಿಗೆ ಆಕೆ ಬಂದ ದಾರಿಯೂ ಸುಲಭದ್ದಲ್ಲ. ಹುಟ್ಟಿದ್ದು 1884ರಲ್ಲಿ, ಟೋಕಿಯೋದ ಶಿಬಾ ಎಂಬಲ್ಲಿ. ಆಗ ಶಿಬಾತಾ ತಮಾಕಿ. ಜಪಾನು ಪಶ್ಚಿಮದ ವಿದ್ಯೆಗಳನ್ನೆಲ್ಲ ಅವಸರದಲ್ಲಿ ಕಲಿಯುತ್ತಿದ್ದ ಮೇಜಿ ಯುಗ ಅದು. ರೈಲು, ಬಂದೂಕು, ಸಂವಿಧಾನಗಳ ಜೊತೆ ಸಂಗೀತವೂ ಆ ಪಟ್ಟಿಯಲ್ಲಿತ್ತು. 1887ರಲ್ಲಿ ಟೋಕಿಯೋ ಸಂಗೀತ ಶಾಲೆ ಶುರುವಾಯಿತು. ಚಿಕ್ಕಂದಿನಲ್ಲಿ ನಾಡಿನ ನೃತ್ಯ, ಕೋತೊ ವಾದ್ಯ ಕಲಿತಿದ್ದ ತಮಾಕಿ ಈ ಶಾಲೆ ಸೇರಿ ಯುರೋಪಿನ ಗಾಯನಕ್ಕೆ ತಿರುಗಿದಳು. ಆಕೆ ಸೈಕಲ್ ಏರಿ ಶಾಲೆಗೆ ಹೋಗುವುದನ್ನು ನೋಡಲೆಂದೇ ಜನ ದಾರಿಯಲ್ಲಿ ನಿಲ್ಲುತ್ತಿದ್ದರಂತೆ. ಹೆಣ್ಣೊಬ್ಬಳು ಸೈಕಲ್ ತುಳಿಯುವುದೇ ಸುದ್ದಿಯಾಗಿದ್ದ ಕಾಲ.

1903ರಲ್ಲಿ ಆ ಶಾಲೆಯ ವಿದ್ಯಾರ್ಥಿಗಳು ಗ್ಲುಕ್‌ನ 'ಆರ್ಫಿಯೊ' ಒಪೆರಾವನ್ನು ಜಪಾನಿ ಭಾಷೆಯಲ್ಲಿ ಆಡಿದರು. ಜಪಾನೀಯರೇ ರಂಗಕ್ಕೆ ತಂದ ಮೊದಲ ಒಪೆರಾ ಎಂದು ಇತಿಹಾಸಕಾರರು ಗುರುತಿಸುವುದು ಇದನ್ನೇ. ವಾದ್ಯವೃಂದವಿಲ್ಲ, ಪಿಯಾನೊ ಒಂದೇ. ಯೂರಿಡಿಸ್ ಪಾತ್ರ ಹತ್ತೊಂಬತ್ತರ ತಮಾಕಿಯದು. ಗಂಡಿನ ಪಾತ್ರವಾದ ಆರ್ಫಿಯೊವನ್ನೂ ವಿದ್ಯಾರ್ಥಿನಿಯೊಬ್ಬಳೇ ಹಾಡಿದಳು. ಇದರ ತೂಕ ತಿಳಿಯಬೇಕಾದರೆ ಒಂದು ಮಾತು ನೆನಪಿಡಬೇಕು. 1629ರಲ್ಲಿ ಆಳುವವರು ಹೆಂಗಸರನ್ನು ಕಬುಕಿ ರಂಗದಿಂದ ಹೊರಹಾಕಿದ ಮೇಲೆ ಅಲ್ಲಿ ಹೆಣ್ಣಿನ ಪಾತ್ರಗಳೆಲ್ಲ ಗಂಡಸರವೇ ಆಗಿದ್ದವು. ನಮ್ಮ ಕಂಪನಿ ನಾಟಕಗಳಲ್ಲಿ ಗಂಡಸರೇ ಸೀರೆಯುಟ್ಟು ನಿಲ್ಲುತ್ತಿದ್ದ ಕಾಲವನ್ನು ಬಲ್ಲ ಕನ್ನಡಿಗರಿಗೆ ಇದನ್ನು ಹೆಚ್ಚು ಬಿಡಿಸಿ ಹೇಳಬೇಕಿಲ್ಲ. ಇನ್ನೂರೆಪ್ಪತ್ತು ವರ್ಷಗಳಿಂದ ಹೆಣ್ಣಿಗೆ ಮುಚ್ಚಿದ್ದ ರಂಗಕ್ಕೆ ಒಪೆರಾ ಹಿಂಬಾಗಿಲೊಂದನ್ನು ತೆರೆಯಿತು.

ಆಕೆ ಅದೇ ಶಾಲೆಯಲ್ಲಿ ಪಾಠ ಹೇಳಿದಳು. ಸೇನೆಯ ವೈದ್ಯನೊಬ್ಬನ ಜೊತೆಗಿದ್ದ ಮೊದಲ ಮದುವೆ 1909ರಲ್ಲಿ ಮುರಿಯಿತು, ಪತ್ರಿಕೆಗಳಿಗೆ ಅದೂ ಆಹಾರವಾಯಿತು. 1911ರಲ್ಲಿ ಟೋಕಿಯೋದಲ್ಲಿ ಇಂಪೀರಿಯಲ್ ಥಿಯೇಟರ್ ತೆರೆದಾಗ ಅಲ್ಲಿ ಹಾಡಿದಳು. ಆಮೇಲೆ ಮಿಯುರಾ ಮಸಾತಾರೊ ಎಂಬ ವೈದ್ಯನನ್ನು ಮದುವೆಯಾಗಿ, 1914ರಲ್ಲಿ ಇಬ್ಬರೂ ಹೆಚ್ಚಿನ ಓದಿಗೆಂದು ಜರ್ಮನಿಗೆ ಹೊರಟರು. ಹೋಗಿ ಸೇರಿದ ಕೆಲವೇ ತಿಂಗಳಲ್ಲಿ ಮಹಾಯುದ್ಧ ಶುರುವಾಯಿತು. ಜಪಾನು ಬ್ರಿಟನ್ನಿನ ಪಕ್ಷ ಸೇರಿದ್ದರಿಂದ ಜರ್ಮನಿಯಲ್ಲಿ ಇವರು ಶತ್ರುಗಳು. ದಂಪತಿ ಲಂಡನ್ನಿಗೆ ಓಡಿದರು. ಮೇ ತಿಂಗಳ ಆ ಪ್ರದರ್ಶನ ಒದಗಿ ಬಂದದ್ದು ಹೀಗೆ.

ಚೋ-ಚೋ-ಸಾನ್ ಸೊಪ್ರಾನೊ, ಅಂದರೆ ತಾರಸ್ಥಾಯಿಯ ಸ್ತ್ರೀಕಂಠದ ಪಾತ್ರ. ಹಾಡುವವರಿಗೆ ಇದೊಂದು ಪರೀಕ್ಷೆ. ಒಮ್ಮೆ ರಂಗಕ್ಕೆ ಬಂದರೆ ಕೊನೆಯವರೆಗೆ ಬಿಡುವು ಬಹಳ ಕಡಿಮೆ. ಮೊದಲ ಅಂಕದಲ್ಲಿ ಹದಿನೈದರ ಹುಡುಗಿಯಂತೆ ಹಗುರವಾಗಿ ಹಾಡಬೇಕು. ಎರಡನೆಯದರಲ್ಲಿ ದೊಡ್ಡ ವಾದ್ಯವೃಂದದ ಮೇಲೆ ತೇಲಿಬರುವಷ್ಟು ಕಸುವು ಬೇಕು. ಮೈಕ್ ಇಲ್ಲದ ಕಲೆ ಇದು, ಮೂರು ಸಾವಿರ ಜನರ ಸಭಾಂಗಣವನ್ನು ಶಾರೀರವೊಂದೇ ತುಂಬಬೇಕು. ತಮಾಕಿಯದು ತಿಳಿಯಾದ, ಹಗುರವಾದ ಕಂಠ. 1917ರಲ್ಲಿ ಅಮೆರಿಕದ ಕೊಲಂಬಿಯಾ ಕಂಪನಿಗೆ ಆಕೆ ಹಾಡಿಕೊಟ್ಟ ಹಾಡುಗಳಲ್ಲಿ ಗಂಡನ ಹಡಗು ಬಂದೇ ಬರುತ್ತದೆಂದು ಹುಡುಗಿ ಕನಸು ಕಾಣುವ ಪ್ರಸಿದ್ಧ ಹಾಡೂ ಇದೆ. ಹಳೆಯ ತಟ್ಟೆಯ ಗರಗರ ಸದ್ದಿನ ಹಿಂದೆ ಕೇಳುವುದು ಅಬ್ಬರವಿಲ್ಲದ, ಎಳೆಯ ದನಿ. ಆ ಹುಡುಗಿಗೆ ಅದು ಒಪ್ಪುತ್ತದೆ.

1915ರ ಶರತ್ಕಾಲದಲ್ಲಿ ಆಕೆ ಅಮೆರಿಕಕ್ಕೆ ಹೋದಳು. ಬಾಸ್ಟನ್ ಗ್ರ್ಯಾಂಡ್ ಒಪೆರಾ ಕಂಪನಿಯೊಡನೆ ಚಿಕಾಗೋ, ನ್ಯೂಯಾರ್ಕ್‌ಗಳಲ್ಲಿ ಹಾಡಿದಳು. ಆಮೇಲೆ ಸ್ಯಾನ್ ಕಾರ್ಲೊ ಕಂಪನಿಯೊಡನೆ ಊರೂರು ಸುತ್ತಿದಳು. ಪತ್ರಿಕೆಗಳು ಹೊಗಳಿದವು. ಆದರೆ ಹೊಗಳಿದ್ದೇನನ್ನು? ಆಕೆಯ ನಡಿಗೆ, ಕೈಬೆರಳುಗಳ ಚಲನೆ, ಕಿಮೊನೊ, ಬೊಂಬೆಯಂಥ ಮೈಕಟ್ಟು. ಬೇರೆ ಗಾಯಕಿಯರ ಬಗ್ಗೆ ಬರೆಯುವಾಗ ಕಂಠದಿಂದ ಶುರುಮಾಡುವ ವಿಮರ್ಶಕರು ಈಕೆಯ ಬಗ್ಗೆ ಬರೆಯುವಾಗ ಕಾಲಿನಿಂದ ಶುರುಮಾಡುತ್ತಿದ್ದರು. ಹತ್ತು ವರ್ಷಗಳ ಗಾಯನದ ದುಡಿಮೆ ಅವರಿಗೆ ಕಾಣಲಿಲ್ಲ. ಕಂಡದ್ದು ಹುಟ್ಟು. ಆಕೆ ಅಭಿನಯಿಸುತ್ತಿಲ್ಲ, ಇರುವುದೇ ಹಾಗೆ ಎಂದುಕೊಂಡರು. ನಿಜವೆಂದರೆ ಟೋಕಿಯೋದ ಬೀದಿಯಲ್ಲಿ ಸೈಕಲ್ ತುಳಿದವಳು, ಮದುವೆ ಮುರಿದರೂ ಎದೆಗುಂದದವಳು, ಸಮುದ್ರ ದಾಟಿ ಬಂದು ಹಾಡಿ ದುಡಿಯುತ್ತಿದ್ದವಳು ಚೋ-ಚೋ-ಸಾನ್‌ಗಿಂತ ತೀರ ಬೇರೆಯ ಹೆಣ್ಣು. ಗಂಡಸಿಗಾಗಿ ಕಿಟಕಿಯ ಬಳಿ ಕಾದು ಕೂತವಳಲ್ಲ. ಆ ಅಂತರವನ್ನು ದಾಟಿ ಪ್ರತಿ ಸಂಜೆ ಮುಗ್ಧೆಯಾಗುವುದೇ ಆಕೆಯ ಕಲೆಯಾಗಿತ್ತು.

ಇನ್ನೊಂದು ವೈಷಮ್ಯವಿದೆ. ಆಕೆಗಾಗಿ ಚಪ್ಪಾಳೆ ತಟ್ಟುತ್ತಿದ್ದ ಅಮೆರಿಕ ಆಕೆಯ ದೇಶದವರಿಗೆ ಬಾಗಿಲು ಮುಚ್ಚುತ್ತಿತ್ತು. ಜಪಾನೀಯರು ಜಮೀನು ಕೊಳ್ಳದಂತೆ ಕ್ಯಾಲಿಫೋರ್ನಿಯಾ 1913ರಲ್ಲೇ ಕಾನೂನು ಮಾಡಿತ್ತು. 1922ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟು ಜಪಾನೀಯರು ಪೌರತ್ವಕ್ಕೆ ಅರ್ಹರಲ್ಲ ಎಂದಿತು. 1924ರ ವಲಸೆ ಕಾಯಿದೆ ಅವರ ವಲಸೆಯನ್ನೇ ನಿಲ್ಲಿಸಿತು. ರಂಗದ ಮೇಲೆ ಅಮೆರಿಕನ್ನನಿಗಾಗಿ ಸಾಯುವ ಜಪಾನೀ ಹೆಣ್ಣಿಗೆ ಕಣ್ಣೀರು ಸುರಿಯಿತು. ರಂಗದ ಹೊರಗೆ ಬದುಕಲು ಬಂದ ಜಪಾನೀಯರಿಗೆ ಜಾಗವಿರಲಿಲ್ಲ.

ಬೇರೆ ಪಾತ್ರಗಳು ಸಿಗಲಿಲ್ಲವೇ? ಸಿಕ್ಕವು. ಮಸ್ಕಾನ್ಯಿಯ 'ಐರಿಸ್' ಹಾಡಿದಳು. ಮೆಸಾಜೆಯ 'ಮದಾಮ್ ಕ್ರಿಸಾಂತೆಮ್' ಹಾಡಿದಳು. ಇಟಲಿಯ ಆಲ್ದೊ ಫ್ರಾಂಕೆಟ್ಟಿ ಆಕೆಗೆಂದೇ 'ನಮಿಕೊ-ಸಾನ್' ಬರೆದ, 1925ರ ಡಿಸೆಂಬರಿನಲ್ಲಿ ಅದು ಚಿಕಾಗೋದಲ್ಲಿ ರಂಗಕ್ಕೆ ಬಂತು. ಮೂರೂ ಜಪಾನಿನ ಕತೆಗಳೇ, ಮೂರರಲ್ಲೂ ಆಕೆ ಜಪಾನೀ ಹೆಣ್ಣೇ. ಇಟಲಿಯ ಗಾಯಕಿ ಜಪಾನಿನವಳಾಗಬಹುದು, ಈಜಿಪ್ಟಿನಲ್ಲಿ ಸೆರೆಯಾದ ಐದಾ ಆಗಬಹುದು. ಯಾರೂ ಹುಬ್ಬೇರಿಸುವುದಿಲ್ಲ. ಜಪಾನಿನ ಗಾಯಕಿ ಮಾತ್ರ ಜಪಾನಿನವಳಾಗಿಯೇ ಇರಬೇಕು. ಬಣ್ಣ ಹಚ್ಚಿಕೊಳ್ಳುವ ಸ್ವಾತಂತ್ರ್ಯ ಒಂದೇ ಕಡೆಯವರದು.

ಇಷ್ಟಾದರೂ ಆಕೆಯನ್ನು ಬರೀ ಬಲಿಪಶು ಎಂದು ಬಗೆದರೆ ತಪ್ಪಾಗುತ್ತದೆ. ಆಕೆಗೆ ಆ ಪಾತ್ರದ ಮೇಲೆ ಹೆಮ್ಮೆಯಿತ್ತು. 1920ರಲ್ಲಿ ಇಟಲಿಯಲ್ಲಿ ಹಾಡಿದಾಗ ಪುಚ್ಚೀನಿ ಆಕೆಯನ್ನು ಟೊರ್ರೆ ದೆಲ್ ಲಾಗೊದ ತನ್ನ ಮನೆಗೆ ಕರೆಸಿಕೊಂಡ. ಆ ಭೇಟಿಯನ್ನು ಆಕೆ ಬದುಕಿನುದ್ದಕ್ಕೂ ನೆನೆಯುತ್ತಿದ್ದಳು. 1922ರಲ್ಲಿ ಜಪಾನಿಗೆ ಬಂದಾಗ ಜನ ಮುತ್ತಿಕೊಂಡರು. ಪತ್ರಿಕೆಗಳು ಮಾತ್ರ ಗಾಯನಕ್ಕಿಂತ ಆಕೆಯ ಖಾಸಗಿ ಬದುಕನ್ನೇ ಕೆದಕಿದವು. ಪಶ್ಚಿಮಕ್ಕೆ ಆಕೆ ಅಪ್ಪಟ ಜಪಾನೀ ಹೆಣ್ಣು, ಜಪಾನಿನ ಕೆಲವರಿಗೆ ಪಶ್ಚಿಮದ ಗಾಳಿ ತಗುಲಿ ಕೆಟ್ಟವಳು. 1929ರಲ್ಲಿ ಗಂಡ ಊರಿನಲ್ಲಿ ತೀರಿಕೊಂಡಾಗ ಆಕೆ ಪರದೇಶದಲ್ಲಿದ್ದಳು. ಇದನ್ನೂ ಆಕೆಯ ಲೆಕ್ಕಕ್ಕೆ ಹಿಡಿದರು.

1930ರ ದಶಕದ ನಡುವೆ ಆಕೆ ಜಪಾನಿಗೆ ಮರಳಿದಳು. 1936ರಲ್ಲಿ ಟೋಕಿಯೋದ ಕಬುಕಿ-ಜಾ ರಂಗಮಂದಿರದಲ್ಲಿ 'ಬಟರ್‌ಫ್ಲೈ' ಹಾಡಿದಾಗ ಆ ಪಾತ್ರದ ಲೆಕ್ಕ ಎರಡು ಸಾವಿರ ದಾಟಿತು ಎಂದು ಸಾರಲಾಯಿತು. ಇಪ್ಪತ್ತೊಂದು ವರ್ಷಕ್ಕೆ ಹಂಚಿದರೆ ವಾರಕ್ಕೆ ಹೆಚ್ಚುಕಡಿಮೆ ಎರಡು ಆಟ. ಕಲಾವಿದರ ಲೆಕ್ಕದಲ್ಲಿ ಒಂದಿಷ್ಟು ಉತ್ಸಾಹವೂ ಸೇರಿರುತ್ತದೆ. ಅರ್ಧ ಕಳೆದರೂ ಸಾವಿರ ಬಾರಿ ಆಕೆ ಮಗುವಿನ ಕಣ್ಣಿಗೆ ಬಟ್ಟೆ ಕಟ್ಟಿ, ತೆರೆಯ ಹಿಂದೆ ಸತ್ತಿದ್ದಾಳೆ. ಅದಕ್ಕಿಂತ ಮುಖ್ಯವಾದದ್ದು ಆ ಸಂಜೆಯ ಜಾಗ. ಮೂರು ಶತಮಾನ ಹೆಣ್ಣನ್ನು ಹೊರಗಿಟ್ಟ ಕಬುಕಿಯ ಮನೆಯಲ್ಲೇ ಹೆಣ್ಣೊಬ್ಬಳು ನಾಯಕಿಯಾಗಿ ನಿಂತಿದ್ದಳು.

ಮತ್ತೆ ಯುದ್ಧ ಬಂತು. ತಾಯಿಯೊಡನೆ ಫುಜಿ ಪರ್ವತದ ಬಳಿಯ ಯಮನಾಕಾ ಸರೋವರದ ಹಳ್ಳಿಗೆ ಹೋಗಿ ನೆಲೆಸಿದಳು. 1945ರ ಆಗಸ್ಟ್ 9ರಂದು ಚೋ-ಚೋ-ಸಾನ್‌ಳ ಊರಾದ ನಾಗಾಸಾಕಿಯ ಮೇಲೆ ಅಮೆರಿಕ ಅಣುಬಾಂಬು ಹಾಕಿತು. ಯುದ್ಧ ಮುಗಿದಾಗ ತಮಾಕಿಗೆ ಕ್ಯಾನ್ಸರ್ ಹಿಡಿದಿತ್ತು. ಆದರೂ ಸುಟ್ಟು ಕರಕಲಾಗಿದ್ದ ಟೋಕಿಯೋಗೆ ಬಂದು, ಹಿಬಿಯಾ ಸಭಾಂಗಣದಲ್ಲಿ ಶೂಬರ್ಟ್‌ನ ಗೀತಮಾಲೆಯನ್ನು ಹಾಡಿದಳು. 1946ರ ಮೇ 26ರಂದು, ಅರವತ್ತೆರಡನೆಯ ವಯಸ್ಸಿನಲ್ಲಿ ತೀರಿಕೊಂಡಳು.

ಆ ಶೂಬರ್ಟ್ ಗೀತಮಾಲೆಯಲ್ಲಿ ಹಾಡುವವನು ಗಿರಣಿಯವನ ಮಗಳನ್ನು ಪ್ರೀತಿಸಿ ಸೋತ ಜರ್ಮನ್ ಹುಡುಗ. ಕಿಮೊನೊ ಬೇಡ, ಬೀಸಣಿಗೆ ಬೇಡ, ದೇಶವೂ ಬೇಡ. ಜರ್ಮನಿಯಲ್ಲಿ ಕಲಿಯಬೇಕೆಂದು 1914ರಲ್ಲಿ ಹೊರಟವಳು ಮೂವತ್ತೆರಡು ವರ್ಷ ಸುತ್ತಿ ಅಲ್ಲಿನ ಸಂಗೀತಕ್ಕೇ ಬಂದು ತಲುಪಿದಳು. ಇಪ್ಪತ್ತು ವರ್ಷ ಜಗತ್ತು ಆಕೆಯಿಂದ ಕೇಳದೇ ಹೋದ ಹಾಡು ಇದು.

ವರವೋ ಸೆರೆಯೋ ಎಂದು ಆರಂಭದಲ್ಲಿ ಕೇಳಿದೆ. ಎರಡೂ ಹೌದು ಎನ್ನುವುದು ಜಾಣತನದ ಉತ್ತರ. ನನಗನಿಸುವುದು ಇಷ್ಟು: ಬಾಗಿಲನ್ನು ಕಿರಿದಾಗಿ ಕಡೆದವರು ಬೇರೆಯವರು, ತಲೆ ಬಾಗಿಸಿಯಾದರೂ ಒಳಗೆ ಹೋಗಿ ಹಾಡಿದವಳು ಈಕೆ. ಆ ತಪ್ಪನ್ನೂ ಈ ಸಾಧನೆಯನ್ನೂ ಒಂದೇ ಖಾತೆಗೆ ಬರೆಯಬಾರದು. ಇಂದು ನಾಗಾಸಾಕಿಯ ಗ್ಲೋವರ್ ತೋಟದಲ್ಲಿ, ಬಂದರನ್ನು ನೋಡುವ ಗುಡ್ಡದ ಮೇಲೆ, ಆಕೆಯ ಪ್ರತಿಮೆಯಿದೆ. ಚೋ-ಚೋ-ಸಾನ್‌ಳ ವೇಷ, ಪಕ್ಕದಲ್ಲಿ ಮಗು. ಆ ತೋಟದಲ್ಲೇ ಪುಚ್ಚೀನಿಯ ಪ್ರತಿಮೆಯೂ ಇದೆ. ಪ್ರತಿಮೆಯಲ್ಲೂ ಆಕೆಗೆ ಆ ವೇಷ ತಪ್ಪಲಿಲ್ಲ. ಅಲ್ಲಿಗೆ ಹೋದವರು ಫೋಟೋ ತೆಗೆಯುವ ಮುನ್ನ ಸೈಕಲ್ ಏರಿದ ಆ ಹುಡುಗಿಯನ್ನೂ ಒಮ್ಮೆ ನೆನೆದರೆ ಒಳ್ಳೆಯದು.